‘ಪಾಸಾಯಿತು’ ಎಂದರೆ ಏನಾಯಿತು? ಒಂದು ಇಂಗ್ಲಿಷ್ ಕ್ರಿಯಾಪದದ ಹಲವು ಅರ್ಥಗಳು

(ಗ್ರಾಮ ಪಂಚಾಯಿತಿ ಸದಸ್ಯರ ಅಧ್ಯಯನಕ್ಕಾಗಿ)

ಪಾಠದ ಉದ್ದೇಶ: ಪಂಚಾಯಿತಿ ವ್ಯವಹಾರದಲ್ಲಿ ನಿತ್ಯವೂ ಕೇಳಿಬರುವ ‘ಪಾಸ್’ ಎಂಬ ಇಂಗ್ಲಿಷ್ ಕ್ರಿಯಾಪದದ ಬೇರೆ ಬೇರೆ ಅರ್ಥಗಳನ್ನು ಗುರುತಿಸುವುದು, ಪ್ರತಿಯೊಂದು ಅರ್ಥಕ್ಕೂ ಸರಿಹೊಂದುವ ಕನ್ನಡ ಪದವನ್ನು ಬಳಸುವುದು, ಅರ್ಥಗಳ ಗೊಂದಲದಿಂದ ಜನರಿಗೂ ಸದಸ್ಯರಿಗೂ ಆಗುವ ತೊಂದರೆಯನ್ನು ತಪ್ಪಿಸುವುದು.

1. ಪೀಠಿಕೆ

ಗ್ರಾಮ ಪಂಚಾಯಿತಿ ಸದಸ್ಯರೊಬ್ಬರು ತಮ್ಮ ವಾರ್ಡಿನ ಬೀದಿಯಲ್ಲಿ ಹೋಗುತ್ತಿರುವಾಗ ಮನೆಯ ಮುಂದೆ ನಿಂತ ಮಹಿಳೆಯೊಬ್ಬರು ಕೇಳುತ್ತಾರೆ ಎಂದು ಭಾವಿಸೋಣ.

“ಮೆಂಬರ್ರೇ, ನಮ್ಮ ಕೇರಿ ಚರಂಡಿ ಪಾಸಾಯ್ತಾ?”

“ಆಯ್ತಕ್ಕಾ, ಮೊನ್ನೆ ಮೀಟಿಂಗ್‌ನಲ್ಲೇ ಪಾಸಾಯ್ತು.”

ಸದಸ್ಯರು ಸುಳ್ಳು ಹೇಳಲಿಲ್ಲ. ಚರಂಡಿ ಕಾಮಗಾರಿಯನ್ನು ಕ್ರಿಯಾ ಯೋಜನೆಗೆ ಸೇರಿಸಬೇಕೆಂಬ ನಿರ್ಣಯವನ್ನು ಸಭೆಯು ಒಪ್ಪಿತ್ತು. ಅದನ್ನೇ ಅವರು ತಿಳಿಸಿದರು. ಕೇಳಿದ ಮಹಿಳೆಗೆ ಅರ್ಥವಾದದ್ದು ಬೇರೆ. ಮುಂದಿನ ವಾರ ಕೆಲಸ ಆರಂಭವಾಗುತ್ತದೆ ಎಂದು ಅವರು ತಿಳಿದರು. ಪಕ್ಕದಲ್ಲಿ ನಿಂತಿದ್ದ ಮತ್ತೊಬ್ಬರು ಹಣ ಬಿಡುಗಡೆಯಾಗಿದೆ ಎಂದುಕೊಂಡರು. ಆರು ತಿಂಗಳಾದರೂ ಚರಂಡಿ ಆಗದಿದ್ದಾಗ ಕೇರಿಯಲ್ಲಿ ಹುಟ್ಟುವ ಮಾತು ಒಂದೇ: “ಪಾಸಾದ ದುಡ್ಡು ಎಲ್ಲಿ ಹೋಯಿತು?”

ಆ ದುಡ್ಡು ಎಲ್ಲಿಗೂ ಹೋಗಿಲ್ಲ, ಏಕೆಂದರೆ ಅದು ಬಂದೇ ಇಲ್ಲ. ಆದರೂ ಸದಸ್ಯರ ಮೇಲಿನ ವಿಶ್ವಾಸ ಹೋಯಿತು. ಇದಕ್ಕೆ ಕಾರಣ ಒಂದೇ ಪದವನ್ನು ಮೂವರು ಮೂರು ಅರ್ಥದಲ್ಲಿ ಕೇಳಿದ್ದು. ಆದ್ದರಿಂದ ಈ ಪದದ ಅಧ್ಯಯನವನ್ನು ಕೇವಲ ಭಾಷೆಯ ವಿಷಯವೆಂದು ತಿಳಿಯಬಾರದು. ಅದು ಆಡಳಿತದ ವಿಷಯವೂ ಆಗಿದೆ.

2. ಪದದ ಮೂಲಾರ್ಥ

‘ಪಾಸ್’ ಎಂಬ ಪದವು ಇಂಗ್ಲಿಷಿಗೆ ಫ್ರೆಂಚ್ ಭಾಷೆಯ ಮೂಲಕ ಬಂದಿತು. ಅದರ ಬೇರು ಲ್ಯಾಟಿನ್ ಭಾಷೆಯ ‘ಪಾಸ್ಸುಸ್’ ಎಂಬ ಪದದಲ್ಲಿದೆ. ಅದರ ಅರ್ಥ ‘ಹೆಜ್ಜೆ’. ಹೆಜ್ಜೆಯಿಡುವುದು, ಮುಂದೆ ಸಾಗುವುದು, ಒಂದು ಸ್ಥಳವನ್ನು ದಾಟಿ ಇನ್ನೊಂದು ಸ್ಥಳಕ್ಕೆ ಹೋಗುವುದು ಎಂಬ ಮೂಲಭಾವವೇ ಇಂದಿನ ಬಹುತೇಕ ಅರ್ಥಗಳಿಗೆ ಆಧಾರವಾಗಿದೆ.

ವಿದ್ಯಾರ್ಥಿ ಒಂದು ತರಗತಿಯನ್ನು ದಾಟಿ ಮುಂದಿನದಕ್ಕೆ ಹೋದರೆ ಪಾಸು. ಬೆಟ್ಟಗಳ ನಡುವೆ ದಾಟಿಹೋಗಲು ಇರುವ ಕಣಿವೆ ಹಾದಿಗೂ ಇಂಗ್ಲಿಷಿನಲ್ಲಿ ಪಾಸ್ ಎಂದೇ ಹೆಸರು. ಕಾಲ ಕಳೆಯುವುದೂ ಪಾಸ್. ‘ಟೈಂಪಾಸ್’ ಎಂಬ ಆಡುಮಾತು ಅದರಿಂದಲೇ ಬಂದಿತು. ಸತ್ತವರ ವಿಷಯದಲ್ಲಿ ‘ಪಾಸ್ಡ್ ಅವೇ’ ಎನ್ನುವಾಗಲೂ ಈ ಲೋಕವನ್ನು ದಾಟಿದರು ಎಂಬ ಭಾವವಿದೆ.

ಇಲ್ಲಿ ನೆನಪಿಡಬೇಕಾದ ಮುಖ್ಯ ಅಂಶ: ಪಾಸ್ ಎಂದರೆ ಒಂದು ಹೆಜ್ಜೆ ಮುಂದಿಟ್ಟದ್ದು, ಒಂದು ಬಾಗಿಲನ್ನು ದಾಟಿದ್ದು. ಊರು ಮುಟ್ಟಿದ್ದು ಎಂದು ಅರ್ಥವಲ್ಲ. ಯಾವ ಬಾಗಿಲನ್ನು ದಾಟಿತು, ಇನ್ನೆಷ್ಟು ಬಾಗಿಲುಗಳಿವೆ ಎಂಬುದನ್ನು ಈ ಪದವು ತಾನಾಗಿ ಹೇಳುವುದಿಲ್ಲ, ಕೇಳಿ ತಿಳಿಯಬೇಕು.

3. ಹಳ್ಳಿಯ ಬಳಕೆಯಲ್ಲಿರುವ ಪಾಸುಗಳು

ಕನ್ನಡಿಗರು ಈ ಪದವನ್ನು ಬಹಳ ಹಿಂದೆಯೇ ತಮ್ಮದಾಗಿಸಿಕೊಂಡಿದ್ದಾರೆ. ಬಸ್ ಪಾಸ್ ಎಂಬುದು ನಿಗದಿತ ಅವಧಿಯವರೆಗೆ ಪ್ರಯಾಣಿಸಲು ನೀಡುವ ಅನುಮತಿ ಪತ್ರ. ಮರಮುಟ್ಟು ಸಾಗಿಸಲು ಅರಣ್ಯ ಇಲಾಖೆ ನೀಡುವ ಪತ್ರಕ್ಕೂ ಜನರು ಪಾಸ್ ಎನ್ನುತ್ತಾರೆ. ಇದಕ್ಕೆ ‘ರಹದಾರಿ’ ಎಂಬ ಒಳ್ಳೆಯ ಪದ ಆಡಳಿತ ಕನ್ನಡದಲ್ಲಿ ಮೊದಲಿನಿಂದಲೂ ಇದೆ. ಬ್ಯಾಂಕಿನ ಪಾಸ್‌ಬುಕ್ಕು ಖಾತೆಯ ಜಮೆ ಮತ್ತು ಖರ್ಚನ್ನು ತೋರಿಸುವ ಪುಸ್ತಕ.

ಪರೀಕ್ಷೆಯ ಪಾಸಿಗೆ ಕನ್ನಡದಲ್ಲಿ ‘ತೇರ್ಗಡೆ’ ಎಂಬ ಪದವಿದೆ. ಈ ಅರ್ಥವೇ ಜನರ ಮನಸ್ಸಿನಲ್ಲಿ ಆಳವಾಗಿ ಕುಳಿತಿದೆ. ಪರೀಕ್ಷೆಯಲ್ಲಿ ಪಾಸಾದವನಿಗೆ ಆ ಪರೀಕ್ಷೆಯ ಮಟ್ಟಿಗೆ ಮಾಡಬೇಕಾದದ್ದು ಏನೂ ಉಳಿದಿರುವುದಿಲ್ಲ. ಅದೇ ಭಾವನೆಯಿಂದ ಜನರು ಚರಂಡಿ, ಮನೆ, ರಸ್ತೆಯ ಪಾಸನ್ನೂ ಮುಗಿದ ಕೆಲಸವೆಂದು ತಿಳಿಯುತ್ತಾರೆ. ಗೊಂದಲದ ಮೂಲ ಇಲ್ಲಿದೆ.

4. ನಿರ್ಣಯ ಪಾಸಾಗುವುದು: ಅಂಗೀಕಾರ

ಸಭೆಯಲ್ಲಿ ನಿರ್ಣಯ ಅಥವಾ ಠರಾವು ಪಾಸಾಯಿತು ಎಂದರೆ ಸಭೆಯು ಅದನ್ನು ಅಂಗೀಕರಿಸಿತು ಎಂದರ್ಥ. ಇದಕ್ಕೆ ಕೆಲವು ಅಂಗಗಳಿವೆ: ಸೂಚನಾಪತ್ರದಲ್ಲಿ ವಿಷಯ ತಿಳಿಸಿರುವುದು, ಕೋರಂ ಇರುವುದು, ವಿಷಯ ಮಂಡನೆ, ಚರ್ಚೆ, ಅಭಿಪ್ರಾಯ ಅಥವಾ ಮತ ಪಡೆಯುವುದು, ನಡವಳಿ ಪುಸ್ತಕದಲ್ಲಿ ದಾಖಲಿಸುವುದು. ಇವುಗಳಲ್ಲಿ ಒಂದು ತಪ್ಪಿದರೂ ನಿರ್ಣಯದ ಸಿಂಧುತ್ವದ ಬಗ್ಗೆ ಪ್ರಶ್ನೆ ಏಳಬಹುದು.

ಈ ಅರ್ಥದ ಪಾಸ್ ಸಭೆಗೆ ಮಾತ್ರ ಸಲ್ಲುತ್ತದೆ. ಅಧ್ಯಕ್ಷರೊಬ್ಬರೇ ಆಗಲಿ, ಪಂಚಾಯಿತಿ ಅಭಿವೃದ್ಧಿ ಅಧಿಕಾರಿಯೊಬ್ಬರೇ ಆಗಲಿ ನಿರ್ಣಯವನ್ನು ಪಾಸು ಮಾಡಲಾರರು. “ಅಧ್ಯಕ್ಷರು ಠರಾವು ಪಾಸ್ ಮಾಡಿದರು” ಎಂಬ ಮಾತು ರೂಢಿಯಲ್ಲಿದ್ದರೂ ಸರಿಯಲ್ಲ.

ಎಷ್ಟು ಮತ ಬಂದರೆ ಪಾಸು ಎಂಬುದು ವಿಷಯವನ್ನು ಅವಲಂಬಿಸುತ್ತದೆ. ಸಾಮಾನ್ಯ ವಿಷಯಗಳಿಗೆ ಹಾಜರಿದ್ದು ಮತ ನೀಡಿದವರ ಬಹುಮತ ಸಾಕು. ಅಧ್ಯಕ್ಷರ ಮೇಲಿನ ಅವಿಶ್ವಾಸ ನಿರ್ಣಯಕ್ಕೆ ಒಟ್ಟು ಸದಸ್ಯರ ಮೂರನೇ ಎರಡರಷ್ಟು ಬಹುಮತ ಬೇಕು. 15 ಸದಸ್ಯರ ಪಂಚಾಯಿತಿಯೊಂದರಲ್ಲಿ 12 ಮಂದಿ ಸಭೆಗೆ ಬಂದು, 9 ಮಂದಿ ಅವಿಶ್ವಾಸದ ಪರ ಮತ ನೀಡಿದರೆ ಹಾಜರಿದ್ದವರಲ್ಲಿ ಮುಕ್ಕಾಲು ಪಾಲು ಪರವಾಗಿದ್ದಂತಾಯಿತು. ಆದರೂ ನಿರ್ಣಯ ಪಾಸಾಗಲಿಲ್ಲ. ಒಟ್ಟು ಸದಸ್ಯರ ಲೆಕ್ಕದಲ್ಲಿ 10 ಮತ ಬೇಕಿತ್ತು. ‘ಹಾಜರಿದ್ದವರು’ ಮತ್ತು ‘ಒಟ್ಟು ಸದಸ್ಯರು’ ಎಂಬ ಎರಡು ಮಾತುಗಳ ವ್ಯತ್ಯಾಸವನ್ನು ಅರಿಯದೆ ಪಾಸ್ ಎಂಬ ಪದವನ್ನು ಬಳಸಬಾರದು.

ಅಂಗೀಕಾರವಾದ ನಿರ್ಣಯವೂ ಕಾನೂನಿಗೆ ವಿರುದ್ಧವಾಗಿದ್ದರೆ ಅದನ್ನು ತಡೆಹಿಡಿಯಲು ಮೇಲಿನ ಪ್ರಾಧಿಕಾರಕ್ಕೆ ಅಧಿನಿಯಮದಲ್ಲಿ ಅವಕಾಶವಿದೆ. ಸಭೆಯಲ್ಲಿ ಪಾಸಾದದ್ದೆಲ್ಲ ಜಾರಿಗೆ ಯೋಗ್ಯವೆಂದು ಭಾವಿಸುವುದೂ ತಪ್ಪು.

5. ಮಸೂದೆ ಪಾಸಾಗುವುದು: ಪಂಚಾಯತ್ ರಾಜ್ ಇತಿಹಾಸದ ಮೂರು ನಿದರ್ಶನಗಳು

ಇಂಗ್ಲಿಷಿನ ‘ಬಿಲ್’ ಎಂಬ ಪದಕ್ಕೂ ಎರಡು ಅರ್ಥಗಳಿವೆ. ಒಂದು, ಶಾಸನಸಭೆಯ ಮುಂದಿರುವ ಕಾನೂನಿನ ಕರಡು, ಅಂದರೆ ಮಸೂದೆ. ಇನ್ನೊಂದು, ಹಣ ಪಾವತಿಗಾಗಿ ಸಲ್ಲಿಸುವ ಪಟ್ಟಿ. ‘ಬಿಲ್ ಪಾಸ್’ ಎಂದಾಗ ಯಾವ ಬಿಲ್ ಎಂಬುದು ಮೊದಲ ಪ್ರಶ್ನೆ.

ಮಸೂದೆಯು ಸದನದಲ್ಲಿ ಪಾಸಾದರೂ ಕಾನೂನಾಗಲು ಇನ್ನೂ ಹೆಜ್ಜೆಗಳಿರುತ್ತವೆ. ಪಂಚಾಯಿತಿಗಳ ಹುಟ್ಟಿನ ಕಥೆಯೇ ಇದಕ್ಕೆ ಉತ್ತಮ ನಿದರ್ಶನ.

ಮೊದಲನೆಯದು ಕರ್ನಾಟಕದ್ದು. 1983ರಲ್ಲಿ ರಾಮಕೃಷ್ಣ ಹೆಗಡೆಯವರ ಸರ್ಕಾರದಲ್ಲಿ ಗ್ರಾಮೀಣಾಭಿವೃದ್ಧಿ ಸಚಿವರಾಗಿದ್ದ ಅಬ್ದುಲ್ ನಜೀರ್ ಸಾಬ್ ಅವರ ಶ್ರಮದಿಂದ ಜಿಲ್ಲಾ ಪರಿಷತ್ತು ಮತ್ತು ಮಂಡಲ ಪಂಚಾಯಿತಿಗಳ ಮಸೂದೆಯನ್ನು ರಾಜ್ಯ ವಿಧಾನಮಂಡಲ ಅಂಗೀಕರಿಸಿತು. ಆದರೆ ರಾಷ್ಟ್ರಪತಿಗಳ ಒಪ್ಪಿಗೆ ದೊರೆತದ್ದು 1985ರಲ್ಲಿ. ಆದ್ದರಿಂದಲೇ ಆ ಕಾಯ್ದೆಯ ಹೆಸರಿನಲ್ಲಿ 1983 ಎಂದಿದ್ದರೂ ಅದು 1985ರ 20ನೆಯ ಕರ್ನಾಟಕ ಅಧಿನಿಯಮವಾಯಿತು. ಅದರ ಅಡಿಯಲ್ಲಿ ಚುನಾವಣೆ ನಡೆದದ್ದು 1987ರ ಜನವರಿಯಲ್ಲಿ. ಮಸೂದೆ ಪಾಸಾದದ್ದಕ್ಕೂ ಹಳ್ಳಿಯವರು ಮತ ಹಾಕಿದ್ದಕ್ಕೂ ನಡುವೆ ಮೂರು ವರ್ಷಕ್ಕೂ ಹೆಚ್ಚು ಅಂತರವಿತ್ತು.

ಎರಡನೆಯದು ದೆಹಲಿಯದು. ಪಂಚಾಯಿತಿಗಳಿಗೆ ಸಂವಿಧಾನದ ಸ್ಥಾನ ನೀಡಲು 64ನೆಯ ತಿದ್ದುಪಡಿ ಮಸೂದೆಯನ್ನು 1989ರಲ್ಲಿ ಅಂದಿನ ಪ್ರಧಾನಿ ರಾಜೀವ್ ಗಾಂಧಿಯವರ ಸರ್ಕಾರ ಲೋಕಸಭೆಯಲ್ಲಿ ಮಂಡಿಸಿತು. ಲೋಕಸಭೆಯಲ್ಲಿ ಅದು ಪಾಸಾಯಿತು. ಅದೇ ವರ್ಷ ಅಕ್ಟೋಬರಿನಲ್ಲಿ ರಾಜ್ಯಸಭೆಯಲ್ಲಿ ಸಂವಿಧಾನದ ತಿದ್ದುಪಡಿಗೆ ಬೇಕಾದ ವಿಶೇಷ ಬಹುಮತ ದೊರೆಯದೆ ಬಿದ್ದುಹೋಯಿತು. ಒಂದು ಬಾಗಿಲನ್ನು ದಾಟಿದ ಮಸೂದೆ ಎರಡನೆಯ ಬಾಗಿಲಲ್ಲಿ ನಿಂತಿತು.

ಮೂರನೆಯದು 73ನೆಯ ತಿದ್ದುಪಡಿ. ಲೋಕಸಭೆ ಅದನ್ನು 1992ರ ಡಿಸೆಂಬರ್ 22ರಂದು, ರಾಜ್ಯಸಭೆ ಡಿಸೆಂಬರ್ 23ರಂದು ಅಂಗೀಕರಿಸಿದವು. ಬಳಿಕ ಅರ್ಧಕ್ಕಿಂತ ಕಡಿಮೆಯಿಲ್ಲದಷ್ಟು ರಾಜ್ಯಗಳ ವಿಧಾನಮಂಡಲಗಳು ಅನುಸಮರ್ಥಿಸಿದವು. 1993ರ ಏಪ್ರಿಲ್ 20ರಂದು ರಾಷ್ಟ್ರಪತಿಗಳ ಅಂಕಿತ ಬಿದ್ದಿತು. ಏಪ್ರಿಲ್ 24ರಂದು ಅದು ಜಾರಿಗೆ ಬಂದಿತು. ಆ ದಿನವನ್ನೇ ರಾಷ್ಟ್ರೀಯ ಪಂಚಾಯತ್ ರಾಜ್ ದಿನವೆಂದು ಆಚರಿಸಲಾಗುತ್ತಿದೆ. ಕರ್ನಾಟಕದ 1993ರ ಪಂಚಾಯತ್ ರಾಜ್ ಅಧಿನಿಯಮ ಅದೇ ವರ್ಷ ಮೇ 10ರಂದು ಜಾರಿಗೆ ಬಂದಿತು.

ಈ ತಿದ್ದುಪಡಿ ‘ಪಾಸಾದ’ ದಿನ ಯಾವುದು ಎಂದು ಕೇಳಿದರೆ ಡಿಸೆಂಬರ್ ತಿಂಗಳ ಎರಡು ದಿನಾಂಕಗಳನ್ನು ಹೇಳಬೇಕಾಗುತ್ತದೆ. ಆಚರಿಸುವುದು ಮಾತ್ರ ಜಾರಿಯಾದ ದಿನವನ್ನು. ಅಂಗೀಕಾರ, ಅನುಸಮರ್ಥನೆ, ಅಂಕಿತ, ಜಾರಿ ಎಂಬ ನಾಲ್ಕು ಕನ್ನಡ ಪದಗಳು ನಾಲ್ಕು ಹೆಜ್ಜೆಗಳನ್ನು ಬೇರೆ ಬೇರೆಯಾಗಿ ತೋರಿಸುತ್ತವೆ. ‘ಪಾಸ್’ ಎಂಬ ಒಂದೇ ಪದ ನಾಲ್ಕನ್ನೂ ಮುಚ್ಚಿಬಿಡುತ್ತದೆ.

6. ಹಣದ ಬಿಲ್ ಪಾಸಾಗುವುದು: ಪಾವತಿಗೆ ಅನುಮತಿ

ಕಾಮಗಾರಿ ಅಥವಾ ಖರೀದಿಯ ಬಿಲ್ ಪಾಸಾಯಿತು ಎಂದರೆ ಅದನ್ನು ಪರಿಶೀಲಿಸಿ, ಇಷ್ಟು ಹಣ ಪಾವತಿಸಬಹುದೆಂದು ಅಧಿಕಾರವುಳ್ಳವರು ಒಪ್ಪಿದರು ಎಂದರ್ಥ. ಇದು ಸಭೆಯ ಅಂಗೀಕಾರಕ್ಕಿಂತ ಬೇರೆ. ಸಭೆಯ ಪಾಸ್ ಕೆಲಸದ ಆರಂಭದಲ್ಲಿ ಬರುತ್ತದೆ. ಬಿಲ್ಲಿನ ಪಾಸ್ ಕೆಲಸದ ಕೊನೆಯಲ್ಲಿ ಬರುತ್ತದೆ.

ಪೀಠಿಕೆಯ ಚರಂಡಿಯನ್ನೇ ತೆಗೆದುಕೊಂಡರೆ ನಡುವಿನ ಹೆಜ್ಜೆಗಳು ಸ್ಥೂಲವಾಗಿ ಹೀಗಿವೆ:

ಅ) ವಾರ್ಡ್ ಸಭೆ ಮತ್ತು ಗ್ರಾಮ ಸಭೆಯಲ್ಲಿ ಬೇಡಿಕೆ ದಾಖಲಾಗುವುದು;
ಆ) ಪಂಚಾಯಿತಿ ಸಭೆಯಲ್ಲಿ ಕ್ರಿಯಾ ಯೋಜನೆಗೆ ಸೇರಿ ಅಂಗೀಕಾರವಾಗುವುದು;
ಇ) ಅಂದಾಜು ಪಟ್ಟಿ ತಯಾರಾಗಿ ತಾಂತ್ರಿಕ ಮಂಜೂರಾತಿ ದೊರೆಯುವುದು;
ಈ) ಆಡಳಿತಾತ್ಮಕ ಅನುಮೋದನೆ ಮತ್ತು ಅನುದಾನದ ಲಭ್ಯತೆ;
ಉ) ನಿಯಮದಂತೆ ಕೆಲಸ ವಹಿಸಿ ನಿರ್ವಹಿಸುವುದು;
ಊ) ಎಂಜಿನಿಯರರು ಅಳತೆ ಪುಸ್ತಕದಲ್ಲಿ ಅಳತೆ ದಾಖಲಿಸುವುದು;
ಋ) ಬಿಲ್ ಪರಿಶೀಲನೆ ಮತ್ತು ಪಾವತಿ.

ಆಡುಮಾತಿನಲ್ಲಿ ಈ ಏಳರಲ್ಲಿ ಯಾವುದಕ್ಕೆ ಬೇಕಾದರೂ “ಪಾಸಾಯ್ತು” ಎನ್ನುವುದುಂಟು. ಸದಸ್ಯರು ‘ಆ’ ಹಂತದಲ್ಲಿದ್ದಾಗ ಜನರು ‘ಉ’ ಹಂತವನ್ನು ಕೇಳಿಸಿಕೊಳ್ಳುತ್ತಾರೆ. ಇದಕ್ಕಿಂತ ಹೆಚ್ಚಿನ ಅಪಾಯ ಇನ್ನೊಂದಿದೆ. “ಈ ಕೆಲಸ ಸಭೆಯಲ್ಲಿ ಆಗಲೇ ಪಾಸಾಗಿದೆ” ಎಂಬ ಮಾತನ್ನೇ ಆಧಾರವಾಗಿಟ್ಟುಕೊಂಡು ಅಳತೆ ಇಲ್ಲದ, ಪೂರ್ಣವಾಗದ ಕೆಲಸದ ಬಿಲ್ಲಿಗೆ ಒಪ್ಪಿಗೆ ಕೇಳುವವರಿರಬಹುದು. ಕೆಲಸ ಮಾಡಲು ಸಭೆ ಒಪ್ಪಿದ ಮಾತ್ರಕ್ಕೆ ಆಗದ ಕೆಲಸಕ್ಕೆ ಹಣ ನೀಡಲು ಒಪ್ಪಿದಂತಾಗುವುದಿಲ್ಲ. ಲೆಕ್ಕಪರಿಶೋಧನೆಯಲ್ಲಿ ಆಕ್ಷೇಪಣೆ ಬಂದಾಗ ಒಂದು ಪಾಸನ್ನು ತೋರಿಸಿ ಇನ್ನೊಂದನ್ನು ಸಮರ್ಥಿಸಲು ಬರುವುದಿಲ್ಲ.

7. ಆದೇಶ ಪಾಸು ಮಾಡುವುದು: ಆದೇಶ ಹೊರಡಿಸುವುದು

ನ್ಯಾಯಾಲಯಗಳು ಮತ್ತು ಅಧಿಕಾರಿಗಳ ವಿಷಯದಲ್ಲಿ ‘ಆರ್ಡರ್ ಪಾಸ್’ ಎಂಬ ಬಳಕೆಯಿದೆ. ಇಲ್ಲಿ ಮತದಾನವಿಲ್ಲ. ಕಾನೂನಿನಿಂದ ಅಧಿಕಾರ ಪಡೆದವರು ದಾಖಲೆ ನೋಡಿ, ಸಂಬಂಧಪಟ್ಟವರ ಅಹವಾಲು ಕೇಳಿ, ಕಾರಣ ಬರೆದು ಆದೇಶ ಹೊರಡಿಸುತ್ತಾರೆ. ಆದೇಶದಲ್ಲಿ ದಿನಾಂಕ, ಸಂಖ್ಯೆ, ಸಹಿ ಇರುತ್ತವೆ. “ಮೇಲಿನಿಂದ ಆರ್ಡರ್ ಪಾಸಾಗಿದೆ” ಎಂಬ ಬಾಯಿಮಾತು ಕೇಳಿಬಂದಾಗ ಸದಸ್ಯರು ಆದೇಶದ ಪ್ರತಿಯನ್ನು ಕೇಳಿ ಓದುವುದು ಉಚಿತ. ಸಭೆಯ ನಿರ್ಣಯವೆಂದರೆ ಹಲವರ ಒಮ್ಮತ ಅಥವಾ ಬಹುಮತ. ಆದೇಶದ ಹೊಣೆ ಅದಕ್ಕೆ ಸಹಿ ಹಾಕಿದವರದು. ಎರಡನ್ನೂ ಪಾಸ್ ಎಂದು ಕರೆದರೆ ಹೊಣೆ ಯಾರದೆಂಬುದು ಮರೆಯಾಗುತ್ತದೆ.

8. ಬಾಲ ಸೇರಿದಾಗ ಬದಲಾಗುವ ಅರ್ಥ

ಇಂಗ್ಲಿಷಿನಲ್ಲಿ ಕ್ರಿಯಾಪದದ ಮುಂದೆ ಒಂದು ಚಿಕ್ಕ ಪದ ಸೇರಿದರೆ ಅರ್ಥ ಪೂರ್ತಿ ಬದಲಾಗುತ್ತದೆ. ಪತ್ರವ್ಯವಹಾರದಲ್ಲಿ ಗಮನಿಸಬೇಕಾದ ನಾಲ್ಕು ರೂಪಗಳು ಇವು.

‘ಪಾಸ್ ಆನ್’ ಎಂದರೆ ಮುಂದಕ್ಕೆ ದಾಟಿಸು, ರವಾನಿಸು. ದೂರನ್ನು ಮೇಲಿನ ಕಚೇರಿಗೆ ಪಾಸ್ ಆನ್ ಮಾಡಲಾಗಿದೆ ಎಂದರೆ ಕಳುಹಿಸಲಾಗಿದೆ ಎಂದಷ್ಟೇ, ಬಗೆಹರಿದಿದೆ ಎಂದಲ್ಲ.

‘ಪಾಸ್ ಓವರ್’ ಎಂದರೆ ಬಿಟ್ಟು ಮುಂದೆ ಹೋಗು, ಕಡೆಗಣಿಸು. ಫಲಾನುಭವಿಗಳ ಪಟ್ಟಿಯಲ್ಲಿ ಅರ್ಹರೊಬ್ಬರನ್ನು ಪಾಸ್ ಓವರ್ ಮಾಡಲಾಗಿದೆ ಎಂದರೆ ಅವರಿಗೆ ಅನ್ಯಾಯವಾಗಿದೆ. ಪಾಸ್ ಎಂಬ ಪದ ಕಂಡ ಮಾತ್ರಕ್ಕೆ ಹೆಸರು ಮಂಜೂರಾಯಿತೆಂದು ತಿಳಿದರೆ ಅರ್ಥ ತಲೆಕೆಳಗಾಗುತ್ತದೆ.

‘ಪಾಸ್ ಆಫ್’ ಎಂದರೆ ಒಂದನ್ನು ಇನ್ನೊಂದೆಂದು ನಂಬಿಸಿ ಸಾಗಹಾಕು. ಹಳೆಯ ಕಾಮಗಾರಿಗೆ ಸುಣ್ಣ ಬಳಿದು ಹೊಸದೆಂದು ತೋರಿಸುವುದು ಈ ಬಗೆಯದು.

‘ಪಾಸ್ ಬೈ’ ಎಂದರೆ ಪಕ್ಕದಿಂದ ಹಾದುಹೋಗು. ರಸ್ತೆಯೋ ಕೊಳವೆಮಾರ್ಗವೋ ಊರನ್ನು ಪಾಸ್ ಬೈ ಮಾಡುತ್ತದೆ ಎಂದರೆ ಊರಿನ ಪಕ್ಕದಲ್ಲಿ ಹಾದುಹೋಗುತ್ತದೆ. ಊರೊಳಗೆ ಬರುತ್ತದೆ ಎಂದಲ್ಲ.

9. ಸುಮ್ಮನಿರುವುದೂ ಒಂದು ಪಾಸ್

ಇಸ್ಪೀಟಿನಲ್ಲಿಯೂ ರಸಪ್ರಶ್ನೆಯಲ್ಲಿಯೂ “ಪಾಸ್” ಎನ್ನುವುದುಂಟು. ಅಲ್ಲಿ ಅದರ ಅರ್ಥ ಗೆಲುವಲ್ಲ. “ಈ ಸರದಿಯಲ್ಲಿ ನನ್ನದೇನೂ ಇಲ್ಲ, ಮುಂದಿನವರು ಹೇಳಲಿ” ಎಂದು. ಪಂಚಾಯಿತಿ ಸಭೆಗಳಲ್ಲಿಯೂ ಈ ಬಗೆಯ ಪಾಸ್ ನಡೆಯುತ್ತದೆ. ವಿಷಯವನ್ನು ವೇಗವಾಗಿ ಓದಲಾಗುತ್ತದೆ. ಕೆಲವರು ಅರ್ಥವಾಗದೆ, ಕೆಲವರು ಸಂಕೋಚದಿಂದ, ಮೊದಲ ಬಾರಿ ಆಯ್ಕೆಯಾದವರು ಕೇಳಿದರೆ ಏನೆಂದುಕೊಳ್ಳುವರೋ ಎಂಬ ಅಳುಕಿನಿಂದ ಸುಮ್ಮನಿರುತ್ತಾರೆ. ನಡವಳಿಯಲ್ಲಿ ಮಾತ್ರ “ಸರ್ವಾನುಮತದಿಂದ ಅಂಗೀಕರಿಸಲಾಯಿತು” ಎಂದು ದಾಖಲಾಗುತ್ತದೆ. ಸದಸ್ಯರ ಮನಸ್ಸಿನಲ್ಲಿದ್ದದ್ದು ರಸಪ್ರಶ್ನೆಯ ಪಾಸ್. ಪುಸ್ತಕದಲ್ಲಿ ಬಿದ್ದದ್ದು ನಿರ್ಣಯದ ಪಾಸ್.

ಹಾಜರಾತಿಗೆ ಹಾಕಿದ ಸಹಿಯನ್ನು ಒಪ್ಪಿಗೆಯ ಸಹಿ ಎಂದು ಎಣಿಸಬಾರದು. ಆದರೆ ಭಿನ್ನಾಭಿಪ್ರಾಯವಿದ್ದು ಹೇಳದಿದ್ದರೆ ಮುಂದೆ ಪ್ರಶ್ನೆ ಬಂದಾಗ ತಾವು ಒಪ್ಪಿರಲಿಲ್ಲವೆಂದು ತೋರಿಸಲು ಸದಸ್ಯರ ಬಳಿ ಏನೂ ಉಳಿಯುವುದಿಲ್ಲ. ಅರ್ಥವಾಗದಿದ್ದರೆ ಮತ್ತೊಮ್ಮೆ ಓದಲು ಕೋರುವುದು, ಒಪ್ಪಿಗೆಯಿಲ್ಲದಿದ್ದರೆ ತಮ್ಮ ಅಸಮ್ಮತಿಯನ್ನು ನಡವಳಿಯಲ್ಲಿ ದಾಖಲಿಸುವಂತೆ ಕೇಳುವುದು, ಮುಂದಿನ ಸಭೆಯಲ್ಲಿ ಹಿಂದಿನ ನಡವಳಿಯನ್ನು ಓದಿದಾಗ ಗಮನವಿಟ್ಟು ಕೇಳುವುದು ಪ್ರತಿಯೊಬ್ಬ ಸದಸ್ಯರ ಕರ್ತವ್ಯ. ಇದರಲ್ಲಿ ಅಗೌರವವಾಗಲಿ ವಿರೋಧವಾಗಲಿ ಇಲ್ಲ.

10. ಬಳಸಬೇಕಾದ ಕನ್ನಡ ಪದಗಳು

ನಿರ್ಣಯ, ಠರಾವು: ಅಂಗೀಕಾರವಾಯಿತು.
ಮಸೂದೆ: ಸದನ ಅಂಗೀಕರಿಸಿತು, ಅಂಕಿತ ಬಿದ್ದಿತು, ಜಾರಿಗೆ ಬಂದಿತು.
ಕಾಮಗಾರಿ: ಕ್ರಿಯಾ ಯೋಜನೆಗೆ ಸೇರಿತು, ಮಂಜೂರಾಯಿತು, ಆರಂಭವಾಯಿತು.
ಹಣದ ಬಿಲ್: ಪಾವತಿಗೆ ಒಪ್ಪಿಗೆಯಾಯಿತು, ಪಾವತಿಯಾಯಿತು.
ಆದೇಶ: ಹೊರಡಿಸಲಾಯಿತು.
ಅರ್ಜಿ, ದೂರು: ರವಾನಿಸಲಾಯಿತು, ಇತ್ಯರ್ಥವಾಯಿತು.
ಪರೀಕ್ಷೆ: ತೇರ್ಗಡೆ. ಸಾಗಣೆ ಪತ್ರ: ರಹದಾರಿ.

ಪಾಸ್ ಎಂಬ ಪದವನ್ನು ಮಾತಿನಿಂದ ತೆಗೆದುಹಾಕಬೇಕೆಂಬುದು ಈ ಪಾಠದ ಆಶಯವಲ್ಲ. ಅದು ಕನ್ನಡದ್ದೇ ಆಗಿಹೋಗಿದೆ. ಆದರೆ ಜನರಿಗೆ ಉತ್ತರ ಕೊಡುವಾಗ ಮತ್ತು ನಡವಳಿ ಬರೆಸುವಾಗ ಮೇಲಿನ ನಿಖರ ಪದಗಳನ್ನು ಬಳಸಬೇಕು.

11. ಅಭ್ಯಾಸ

ಕೆಳಗಿನ ಮಾತುಗಳಲ್ಲಿ ‘ಪಾಸ್’ ಪದದ ಅರ್ಥವನ್ನು ಗುರುತಿಸಿ, ನಿಖರವಾದ ಕನ್ನಡದಲ್ಲಿ ಹೇಳಬೇಕು.

1) “ಶಾಲೆ ಕಾಂಪೌಂಡ್ ಗೋಡೆ ಗ್ರಾಮ ಸಭೆಯಲ್ಲಿ ಪಾಸಾಗಿದೆ.”
2) “ಕಂಟ್ರಾಕ್ಟರರ ಬಿಲ್ ಇನ್ನೂ ಪಾಸಾಗಿಲ್ಲ.”
3) “ನಿಮ್ಮ ಅರ್ಜಿಯನ್ನು ತಾಲ್ಲೂಕು ಕಚೇರಿಗೆ ಪಾಸ್ ಮಾಡಿದ್ದೇವೆ.”
4) “ಅವಿಶ್ವಾಸ ಪಾಸಾಯಿತು; ಬಂದಿದ್ದವರಲ್ಲಿ ಹೆಚ್ಚಿನವರು ಕೈ ಎತ್ತಿದರು.”

ಉತ್ತರಗಳು: 1) ಗ್ರಾಮ ಸಭೆಯು ಬೇಡಿಕೆಯನ್ನು ಒಪ್ಪಿ ದಾಖಲಿಸಿದೆ, ಮಂಜೂರಾತಿ ಇನ್ನೂ ಆಗಬೇಕು. 2) ಪಾವತಿಗೆ ಒಪ್ಪಿಗೆ ದೊರೆತಿಲ್ಲ, ಅಳತೆ ಆಗಿದೆಯೇ ಎಂದು ನೋಡಬೇಕು. 3) ಅರ್ಜಿಯನ್ನು ರವಾನಿಸಲಾಗಿದೆ, ಇತ್ಯರ್ಥವಾಗಿಲ್ಲ. 4) ಮಾತು ಅಪೂರ್ಣ, ಒಟ್ಟು ಸದಸ್ಯರ ಮೂರನೇ ಎರಡರಷ್ಟು ಮತ ಬಂದಿದೆಯೇ ಎಂದು ಎಣಿಸದೆ ಹಾಗೆ ಹೇಳಲಾಗದು.

12. ಸಾರಾಂಶ

‘ಪಾಸಾಯಿತು’ ಎಂಬ ಮಾತು ಕಿವಿಗೆ ಬಿದ್ದಾಗ ಸದಸ್ಯರು ಮೂರು ಪ್ರಶ್ನೆಗಳನ್ನು ಕೇಳಿಕೊಳ್ಳಬೇಕು: ಯಾವುದು ಪಾಸಾಯಿತು? ಯಾರು ಪಾಸು ಮಾಡಿದರು? ಮುಂದಿನ ಹೆಜ್ಜೆ ಯಾವುದು? ಇದೇ ಮೂರಕ್ಕೂ ಉತ್ತರವನ್ನು ಸದಸ್ಯರು ಜನರಿಗೂ ಹೇಳಬೇಕು.

“ಆಯ್ತಕ್ಕಾ, ಪಾಸಾಯ್ತು” ಎನ್ನುವ ಬದಲು “ಚರಂಡಿ ಕೆಲಸ ಪಟ್ಟಿಗೆ ಸೇರಿದೆ ಅಕ್ಕ, ಎಂಜಿನಿಯರರು ಬಂದು ಅಂದಾಜು ಮಾಡಬೇಕು, ಆಮೇಲೆ ಮಂಜೂರಾಗಬೇಕು” ಎಂದು ಹೇಳಲು ಅರ್ಧ ನಿಮಿಷ ಹೆಚ್ಚು ಬೇಕಾಗಬಹುದು. ಆರು ತಿಂಗಳ ಬಳಿಕ ಅದೇ ಬೀದಿಯಲ್ಲಿ ಆ ಸದಸ್ಯರು ತಲೆ ತಗ್ಗಿಸಿ ನಡೆಯಬೇಕಾಗಿ ಬರುವುದಿಲ್ಲ.